ಪರಾತ ಎರವಲು ಹೋದ ದಿನ

ಒಲೆಯ ಬೂದಿ ತೆಗೆದದ್ದು, ಅಂಗಳಕ್ಕೆ ಸಗಣಿನೀರು ಹೊಡೆದದ್ದು, ಆಡಿಗೆ ಜೋಳದ ಸೊಪ್ಪೆ ಹಾಕಿದ್ದು, ನನ್ನ ಅಜ್ಜಿ, ಆಯಿಯ ಮೊಣಕಾಲಿಗೆ ಬೆಚ್ಚಗಿನ ಎಣ್ಣೆ ತಿಕ್ಕಿದ್ದು, ನನ್ನ ಜಡೆ ಕಣ್ಣು ಮೇಲೇರುವಷ್ಟು ಬಿಗಿಯಾಗಿ ಹೆಣೆದದ್ದು, ಹರಿದ ಬಲೆಯ ಅಂಚು ಹೊಲಿದದ್ದು, ರೊಟ್ಟಿಗೆಂದು ಎಸರಿಟ್ಟದ್ದು. ಅಪ್ಪ ನೀರಿನ ಮೇಲೆ ಹೋದ ನಂತರ, ಪೂರ್ತಿ ಬೆಳಕು ಹರಿಯುವುದರೊಳಗೆ ಅವ್ವ ಅಂದು ಮಾಡಿ ಮುಗಿಸಿದ ಕೆಲಸಗಳು ಇವು. ಎಷ್ಟೋ ವರ್ಷಗಳ ಬೆಳಗುಗಳು ನನ್ನ ತಲೆಯಲ್ಲಿ ಒಂದರೊಳಗೊಂದು ಕಲಸಿಹೋಗಿವೆ. ಆದರೆ ಅದೊಂದು ಬೆಳಗಿನ ಕೆಲಸಗಳು ಮಾತ್ರ ಇವತ್ತಿಗೂ ಸಾಲಾಗಿ ನಿಂತಿವೆ. ಹೆದರಿಕೆಯಾದಾಗ ಮನಸ್ಸು ಸಣ್ಣಪುಟ್ಟದ್ದನ್ನೆಲ್ಲ ಗಟ್ಟಿಯಾಗಿ ಹಿಡಿದುಕೊಳ್ಳುತ್ತದೆ ಎಂದು ಕಾಣುತ್ತದೆ. ಹಿಟ್ಟು ನಾದುವ ಕೆಲಸವೊಂದು ಬಾಕಿಯಿತ್ತು. ಎಸರು ಕುದಿದು ಕುದಿದು ಪಾತ್ರೆಯ ತಳ ಕಂಡಿತು. ಹಿಟ್ಟು ನಾದುವ ಅಗಲದ ತಾಟು, ನಮ್ಮ ಪರಾತ, ಮನೆಯಲ್ಲಿರಲಿಲ್ಲ.

ಸಮುದ್ರವನ್ನು ಕಣ್ಣಿಂದ ನೋಡದ ಮೀನುಗಾರರು ನಾವು. ಕುರನೂರ ಆಣೆಕಟ್ಟೆಯ ಹಿನ್ನೀರು ಬೋರಿ ಹೊಳೆಯ ಎರಡೂ ಮಗ್ಗುಲಿಗೆ ಕೈ ಚಾಚಿಕೊಂಡು ಮಲಗಿದ ಕಡೆ, ಏರು ದಂಡೆಯ ಮೇಲೆ ನಮ್ಮ ವಸ್ತಿ. ತಗಡಿನ ಮನೆಗಳು, ಮನೆಗಳ ಮುಂದೆ ಜಾಲಿ ಗಿಡಗಳು, ಜಾಲಿಯ ಮೇಲೆ ಒಣಹಾಕಿದ ಬಲೆಗಳು. ಮಳೆಗಾಲ ಮುಗಿಯುವ ಹೊತ್ತಿಗೆ ಕೆಳಗಿನ ಮನೆಗಳ ಹೊಸ್ತಿಲ ತನಕ ನೀರು ಬಂದು ನಿಲ್ಲುತ್ತಿತ್ತು. ಬೇಸಿಗೆಯಲ್ಲಿ ಅದೇ ನೀರು ಮುನಿಸಿಕೊಂಡ ಸೊಸೆಯ ಹಾಗೆ ದೂರ ಹೋಗಿ ಕೂರುತ್ತಿತ್ತು. ಆಗ ಒಡೆದ ಕೆಸರಿನ ನಡುವೆ ಮುಳುಗಿದ ಹೊಲಗಳ ಒಡ್ಡು, ಬಾವಿಯ ದಂಡೆ, ಯಾರದೋ ಮನೆಯ ಕಟ್ಟೆ ತಲೆ ಎತ್ತುತ್ತಿದ್ದವು. ನೀರಿಗೆ ಬೇರೆ ಹೆಸರುಗಳನ್ನು ಇಡುವ ಗೋಜಿಗೆ ನಮ್ಮವರು ಹೋಗಲಿಲ್ಲ. ಕೆಳಗಿದ್ದ ಭೂಮಿಯ ಹೆಸರುಗಳೇ ಮೇಲಿನ ನೀರಿಗೂ ನಡೆಯುತ್ತಿದ್ದವು. "ಹುಣಸಿಗಿಡದ ಮ್ಯಾಲೆ ಬಲಿ ಬಿಟ್ಟೀನಿ," ಎಂದು ಅಪ್ಪ ಹೇಳಿದರೆ ಆ ಗಿಡ ಆಳದಲ್ಲೆಲ್ಲೋ ಕೊಳೆಯುತ್ತಿತ್ತು. ನಾನು ಆ ಗಿಡವನ್ನು ನೋಡಿದವಳಲ್ಲ. ಆದರೂ ಅಪ್ಪ ಅದರ ತುದಿಯ ಮೇಲೆ ತೇಲುತ್ತಿರುವುದನ್ನು ನೆನೆಸಿಕೊಂಡರೆ ನನ್ನ ಅಂಗಾಲು ತಣ್ಣಗಾಗುತ್ತಿತ್ತು.

ಹಿಡಿದ ಮೀನು ಜೀಪಿನಲ್ಲಿ ಅಕ್ಕಲಕೋಟದ ಬಾಜಾರಕ್ಕೆ ಹೋಗುತ್ತಿತ್ತು. ಗುರುವಾರ ಅಲ್ಲಿನ ಸ್ವಾಮಿಗಳ ವಾರ, ಊರ ತುಂಬ ಭಕ್ತರು, ಅಂದು ಮೀನಿನ ಬುಟ್ಟಿಗೆ ಗಿರಾಕಿ ಇಲ್ಲ. ಹಾಗಾಗಿ ಬುಧವಾರ ಸಂಜೆ ಬಲೆ ಬಿಡುತ್ತಿರಲಿಲ್ಲ, ಗುರುವಾರ ನಸುಕಿನಲ್ಲಿ ಎಳೆಯುವ ಕೆಲಸ ಇರುತ್ತಿರಲಿಲ್ಲ. ವಾರದಲ್ಲಿ ನಾನು ಹೊಟ್ಟೆ ತುಂಬ ಉಸಿರಾಡುತ್ತಿದ್ದ ದಿನ ಅದೊಂದೇ. ಉಳಿದ ದಿನ ಸಂಜೆ ಬಲೆ ಬಿಟ್ಟು ಬಂದು, ಕತ್ತಲಿರುವಾಗಲೇ ಎದ್ದು ಮತ್ತೆ ಹೋಗುವುದು. ಹೋಗುವುದು ದೋಣಿಯಲ್ಲೂ ಅಲ್ಲ, ಕಾಯಿಲದಲ್ಲಿ. ಕಬ್ಬಿನ ಹಾಲು ಕಾಯಿಸಿ ಬೆಲ್ಲ ಮಾಡುವ ದೊಡ್ಡ ಕಬ್ಬಿಣದ ಕಡಾಯಿ ಅದು. ತಳ ಸವೆದು ತೂತು ಬಿದ್ದ ಮೇಲೆ ಗಾಣದವರಿಗೆ ಬೇಡವಾಗುತ್ತಿತ್ತು. ನಮ್ಮವರು ತಂದು ತೂತಿಗೆ ಡಾಂಬರು ಮೆತ್ತಿ ನೀರಿಗೆ ಬಿಡುತ್ತಿದ್ದರು. ಅಪ್ಪ ಅದರೊಳಗೆ ಮಂಡಿಯೂರಿ ಕೂತು, ಒಂದು ಹಲಗೆಯಿಂದ ನೀರು ಹಿಂದೆ ತಳ್ಳುತ್ತಿದ್ದ. ಬಿಸಿಲಿನ ದಿನ ಅದರಲ್ಲಿ ಇನ್ನೂ ಬೆಲ್ಲದ ವಾಸನೆ ಏಳುತ್ತಿತ್ತು. ಕಾಯಿಲ ಗುಂಡಗೆ, ಅದಕ್ಕೆ ಮೂತಿಯಿಲ್ಲ, ಬಾಲವಿಲ್ಲ. ಬಲೆ ಎಳೆಯುವ ಜಗ್ಗಾಟದಲ್ಲಿ ಗಿರ್ರನೆ ತಿರುಗಿಬಿಡುತ್ತದೆ. ಬೆಳಕಿದ್ದರೆ ಚಿಂತೆಯಿಲ್ಲ. ಚಳಿಗಾಲದಲ್ಲಿ ನೀರಿನ ಮೇಲೆ ಮಂಜು ಕವಿದಾಗ ಒಂದು ಸಲ ತಿರುಗಿತೆಂದರೆ ಮುಗಿಯಿತು, ಮನೆ ಯಾವ ಕಡೆ, ಗೋಡೆ ಯಾವ ಕಡೆ ಎಂಬುದು ತಿಳಿಯುವುದಿಲ್ಲ.

ಗೋಡೆ ಎಂದರೆ ಆಣೆಕಟ್ಟೆಯ ಗೋಡೆ. ಹಿಂಗಾರಿ ಪೈರಿಗೆ ನೀರು ಬಿಟ್ಟ ದಿನಗಳಲ್ಲಿ ಗೇಟಿನ ಮುಂದೆ ನೀರು ಒಳಗೊಳಗೇ ಜಗ್ಗುತ್ತಿತ್ತು. ಮೇಲಿನಿಂದ ನೋಡಿದರೆ ಎಣ್ಣೆ ಸುರಿದ ಹಾಗೆ ನುಣ್ಣಗೆ. ಆಯಿ ಒಂದು ಬೇವಿನ ಕಡ್ಡಿ ಎಸೆದು ನನಗೆ ತೋರಿಸಿದ್ದಳು. ಕಡ್ಡಿ ಸುಮ್ಮನೆ ನಿಂತಿತ್ತು, ಆಮೇಲೆ ಯಾರೋ ಕರೆದ ಹಾಗೆ ನೆಟ್ಟಗೆ ಹೋಯಿತು, ಮತ್ತೆ ಕಾಣಲಿಲ್ಲ.

"ನೋಡಿದಿ? ಕಡ್ಡಿಗಿ ಒದರಾಕ ಬಾಯಿ ಇರೂದಿಲ್ಲ, ಅಷ್ಟ ಫರಕ," ಎಂದಿದ್ದಳು.

ಅದಕ್ಕೇ ವಸ್ತಿಯಲ್ಲಿ ಮಂಜಿನ ದಿನಗಳಿಗೊಂದು ಕಟ್ಟುಪಾಡು. ಗಂಡಸರು ನೀರಿನ ಮೇಲಿದ್ದಾಗ ಪ್ರತಿ ಮನೆಯವರೂ ತಮ್ಮ ತಮ್ಮ ದಂಡೆಗೆ ನಿಂತು ತಮ್ಮದೊಂದು ಪಾತ್ರೆ ಬಾರಿಸಬೇಕು. ಯಾವ ಮನೆಗೆ ಯಾವ ಪಾತ್ರೆ ಎಂಬುದು ಒಮ್ಮೆ ಗೊತ್ತಾದರೆ ಬದಲಾಗುವಂತಿಲ್ಲ. ಮಗ್ಗುಲ ಮನೆಯ ಈರಣ್ಣ ಕಾಕಾನದು ಜರ್ಮನ್, ಅಂದರೆ ಅಲ್ಯೂಮಿನಿಯಂ ಬೋಗುಣಿ, ದಡ್ ದಡ್ ಎಂದು ಮೊಂಡು ದನಿ. ಅದರಾಚೆ ಮನೆಯವರದು ಸ್ಟೀಲಿನ ಹಂಡೆ. ನಮ್ಮದು ಹಿತ್ತಾಳೆಯ ಪರಾತ, ಆಯಿಯ ಮದುವೆಯಲ್ಲಿ ಬಂದದ್ದು, ಅದರ ಅಂಚಿನಲ್ಲಿ ಒಂದು ಸೀಳಿತ್ತು. ಬಾರಿಸಿದರೆ ಮೊದಲು ಢಣ್ ಎನ್ನುತ್ತಿತ್ತು, ಹಿಂದೆಯೇ ಜೀರುಂಡೆ ಕೂಗಿದಂತೆ ಝಿರ್ರ ಎಂದು ಎಳೆಯುತ್ತಿತ್ತು. ನೀರಿನ ಮೇಲಿನವನು ಕಣ್ಣು ಮುಚ್ಚಿ ತನ್ನ ಮನೆಯ ದನಿಗೆ ಹಲಗೆ ಹಾಕಿದರೆ ಸಾಕು, ಕಾಯಿಲ ಅಂಗಳಕ್ಕೆ ಬಂದು ತಾಗುತ್ತಿತ್ತು. ಈಗ ನಾನು ಸೋಲಾಪುರದಲ್ಲಿ, ವಿಜಾಪುರ ರಸ್ತೆಯ ಮಗ್ಗುಲಿನ ಒಂದು ಮನೆಯಲ್ಲಿ, ನಳದ ನೀರು ತುಂಬಿಕೊಂಡು ಬದುಕುವವಳು. ಆದರೂ ಅಂಗಡಿಯಲ್ಲಿ ಹೊಸ ಪಾತ್ರೆ ಕೊಳ್ಳುವಾಗ ಬೆರಳಿನ ಗೆಣ್ಣಿನಿಂದ ಬಾರಿಸಿ, ಕಿವಿಗೆ ಹಿಡಿದು, ಬೇರೊಂದರ ದನಿಗೆ ಹೋಲಿಸದೆ ತರುವುದಿಲ್ಲ. ಮಗಳು ಅಂಗಡಿಯವನೆದುರೇ ಮರಾಠಿಯಲ್ಲಿ ನಗೆಯಾಡುತ್ತಾಳೆ.

"ಮಮ್ಮಿ, ಭಾಂಡ ಘೇತೇಸ ಕೀ ತಬಲಾ?"

ಪಾತ್ರೆ ಕೊಳ್ಳುತ್ತಿದ್ದೀಯೋ ತಬಲಾ ಕೊಳ್ಳುತ್ತಿದ್ದೀಯೋ ಎಂದು. ನಾನೂ ನಗುತ್ತೇನೆ. ಆದರೆ ಮನೆಗೆ ಬಂದು ಒಳಗಿಡುವಾಗ ಇನ್ನೊಮ್ಮೆ ಬಾರಿಸಿ ಕೇಳುತ್ತೇನೆ.

ಆ ಚಳಿಗಾಲ ನಮ್ಮ ಮನೆಯಲ್ಲಿ ಅಬೋಲಾ ನಡೆದಿತ್ತು. ಗಂಡಹೆಂಡಿರು ಮಾತು ಬಿಡುವುದಕ್ಕೆ ನಮ್ಮ ಕಡೆ ಹಾಗೆ ಹೇಳುತ್ತಾರೆ. ಸೋಲಾಪುರದಲ್ಲಿದ್ದ ನನ್ನ ಸೋದರಮಾವ ಚಾದರ ನೇಯುವ ಕಾರಖಾನೆಯೊಂದರಲ್ಲಿ ಅಪ್ಪನಿಗೆ ವಾಚಮನ್ ಕೆಲಸ ಗೊತ್ತುಮಾಡಿ, ಇರಲು ಒಂದು ಖೋಲಿಯನ್ನೂ ನೋಡಿ ಹೇಳಿಕಳಿಸಿದ್ದ. ಅವ್ವ ಅಂದೇ ಗಂಟು ಕಟ್ಟಲು ತಯಾರು. ಅಪ್ಪ ಉಣ್ಣುತ್ತಿದ್ದ ತಾಟು ಮುಂದೆ ಸರಿಸಿದ.

"ಮಂದಿ ಗ್ವಾಡಿ ಕಾಯಾಕ ನಾ ಏನ್ ನಾಯಿ ಅದೀನೇನ?"

"ನಾಯಿಗ್ಯಾದ್ರೂ ಕಾಲ ಬುಡಕ ನೆಲ ಇರ್ತೈತ್ರಿ," ಎಂದಳು ಅವ್ವ.

ಅಷ್ಟೇ. ಅಲ್ಲಿಂದ ಮಾತು ಕಟ್. ಇಬ್ಬರಿಗೂ ಹೇಳಬೇಕಾದದ್ದು ಏನಾದರೂ ಇದ್ದರೆ ಅಂಗಳದಲ್ಲಿ ಕಟ್ಟಿದ್ದ ಆಡು ಚಂಪಿಗೆ ಹೇಳುತ್ತಿದ್ದರು. "ಚಂಪೀ, ಉಪ್ಪ ತೀರೈತಿ, ಅಕ್ಕಲಕೋಟಕ್ಕ ಹ್ವಾದವರು ತರಬೇಕಂತ ಹೇಳು," ಎಂದು ಅವ್ವ. "ಚಂಪೀ, ಸಾರಿನ್ಯಾಗ ಉಪ್ಪ ಇರದಿದ್ರೂ ಖಾರ ಭಾಳ ಐತಿ ಅಂತ ಹೇಳು," ಎಂದು ಅಪ್ಪ. ಚಂಪಿ ಇಬ್ಬರ ಮುಖವನ್ನೂ ನೋಡುತ್ತ ಮೆಲುಕು ಹಾಕುತ್ತಿತ್ತು. ಆಯಿ ಸೆರಗಿನಲ್ಲಿ ಬಾಯಿ ಮುಚ್ಚಿ ನಗುತ್ತಿದ್ದಳು. ನನಗೆ ನಗು ಬರುತ್ತಿರಲಿಲ್ಲ. ಮಾತಿಲ್ಲದ ಮನೆಯಲ್ಲಿ ಪಾತ್ರೆ ಇಡುವ ಸದ್ದು, ಕದ ಎಳೆಯುವ ಸದ್ದು ದೊಡ್ಡದಾಗುತ್ತವೆ. ಯಾವ ಸದ್ದಿನಲ್ಲಿ ಎಷ್ಟು ಸಿಟ್ಟಿದೆ ಎಂದು ಅಳೆಯುತ್ತ ನಾನು ಮೂಲೆಯಲ್ಲಿ ಕೂತಿರುತ್ತಿದ್ದೆ.

ಅಂಥದರಲ್ಲಿ ಒಂದು ಮಧ್ಯಾಹ್ನ ಆಚೆ ದಂಡೆಯ ಗೌರಾ ಮಾವಶಿ ಬಂದಳು. ಅವಳ ಮನೆ ಹಿನ್ನೀರಿನ ಒಂದು ಚಾಚಿನ ಆ ಬದಿಗೆ. ನಮ್ಮ ಕಡೆಯಿಂದ ನೀರಿನ ಮೇಲೆ ಅವಳ ದಂಡೆಗೆ ಹೋಗುವವರು ಆಣೆಕಟ್ಟೆಯ ಗೋಡೆಯ ಮುಂದೆಯೇ ಹಾಯಬೇಕಿತ್ತು. ಮಗಳ ಲಗ್ನ, ಬೆಳಗಾದರೆ ಅರಿಶಿಣ, ಹೂರಣದ ಹೋಳಿಗೆಗೆ ಕಣಕ ನಾದಲು ದೊಡ್ಡ ಪಾತ್ರೆ ಬೇಕು. ನಮ್ಮ ಪರಾತದಷ್ಟು ದೊಡ್ಡದು ಸುತ್ತಲಲ್ಲಿ ಇರಲಿಲ್ಲ. ಮಂಜಿನ ದಿನಗಳಲ್ಲಿ ಬಾರಿಸುವ ಪಾತ್ರೆ ಬೇರೆ ಮನೆಯ ಹೊಸ್ತಿಲು ದಾಟಬಾರದು. ಲಗ್ನದ ಮನೆಯವರು ಕೇಳಿದ್ದಕ್ಕೆ ಇಲ್ಲವೆನ್ನಲೂಬಾರದು. ಅವ್ವ ಒಂದು ಗಳಿಗೆ ಪರಾತದ ಅಂಚು ಹಿಡಿದುಕೊಂಡೇ ನಿಂತಿದ್ದಳು.

"ಹೊತ್ತ ಮುಣುಗೂದ್ರಾಗ ಕಳಸ್ತೀನಿ ತಗೋಳಬೇ, ನಿನ್ನ ಪರಾತ ನಾ ಏನ್ ಬೀಗರಿಗಿ ಆಹೇರ ಕೊಡ್ತೀನೇನ?" ಎಂದಳು ಮಾವಶಿ.

ಅವ್ವ ಕೊಟ್ಟಳು. ಹೊತ್ತು ಮುಳುಗಿತು, ಪರಾತ ಬರಲಿಲ್ಲ. ಲಗ್ನದ ಮನೆಯ ಗದ್ದಲದಲ್ಲಿ ಯಾರಿಗೆ ನೆನಪಿರುತ್ತದೆ. ಅಪ್ಪ ಅಂಗಳದಲ್ಲಿ ಬಲೆ ಸುತ್ತುತ್ತಿದ್ದಾನೆಂದು ತಿಳಿದು ಅವ್ವ ಒಳಗಿನಿಂದಲೇ ಗಟ್ಟಿಯಾಗಿ ಹೇಳಿದಳು.

"ಚಂಪೀ, ಪರಾತ ಗೌರಾಬಾಯಿ ಮನಿಗಿ ಹೋಗೈತಿ, ನಾಳಿ ಮುಂಜಾನಿ ಧ್ಯಾನ ಇರ್ಲಿ ಅಂತ ಹೇಳು."

ಚಂಪಿ ಕೇಳಿಸಿಕೊಂಡಿತು. ಅಪ್ಪ ಆಗಲೇ ಬಲೆ ಹೊತ್ತು ನೀರಿಗಿಳಿದಿದ್ದ. ಬಲೆ ಬಿಟ್ಟು ಬಂದು, ಮಾತಿಲ್ಲದೆ ಉಂಡು, ಮಲಗಿ, ನಸುಕಿನಲ್ಲಿ ಎದ್ದು ಹೋದ.

ಬೆಳಕಾಗುವ ಹೊತ್ತಿಗೆ ಮಂಜು ಎಂಥದಿತ್ತೆಂದರೆ ನಮ್ಮ ಅಂಗಳದ ಜಾಲಿಗಿಡ ಅಂಗಳದಲ್ಲಿರಲಿಲ್ಲ. ನೀರಿನ ಸಪ್ಪಳ ಕಾಲ ಬಳಿಯೇ ಕೇಳುತ್ತಿತ್ತು, ನೀರು ಕಾಣುತ್ತಿರಲಿಲ್ಲ. ಒಂದೊಂದಾಗಿ ಪಾತ್ರೆಗಳು ಮಾತಾಡತೊಡಗಿದವು. ಬೋಗುಣಿಯ ದನಿ ಹಿಡಿದು ಈರಣ್ಣ ಕಾಕಾ ದಂಡೆಗೆ ಬಂದ. ಹಂಡೆಗೆ ಹಂಡೆಯ ಮನೆಯವನು ಬಂದ. ಅವ್ವ ರೊಟ್ಟಿಯ ಮಣ್ಣಿನ ಹಂಚನ್ನೇ ಎತ್ತಿಕೊಂಡು, ಮಗುಚುವ ಸಟ್ಟುಗದಿಂದ ಬಾರಿಸುತ್ತ ನಿಂತಿದ್ದಳು. ಹಂಚಿನ ದನಿ ಟಕ್ ಟಕ್ ಎಂದು ಅವಳ ಕೈಯಲ್ಲೇ ಸಾಯುತ್ತಿತ್ತು. ಅದನ್ನು ಕೇಳಿ ಅಪ್ಪನಿಗೆ ನಮ್ಮ ಮನೆ ಎಂದು ಹೇಗೆ ತಿಳಿಯಬೇಕು?

"ಇನ್ನೂ ಬಂದಿಲ್ಲೇನ ಇಂವ?" ಎಂದ ಈರಣ್ಣ ಕಾಕಾ, ಒದ್ದೆ ಕಾಲಲ್ಲೇ. "ತಡಿ ವೈನಿ, ಎಲ್ಲಾರೂ ಕೂಡಿ ಬಾರಸೂಣು."

ಒಳ್ಳೆಯ ಮನಸ್ಸಿನವರು ನಮ್ಮ ವಸ್ತಿಯವರು. ತಮ್ಮವರು ಬಂದಾದ ಮೇಲೆ ಪಾತ್ರೆ ಒಳಗಿಟ್ಟು ಚಹಾ ಕುಡಿಯಬಹುದಿತ್ತು. ಯಾರೂ ಒಳಗೆ ಹೋಗಲಿಲ್ಲ. ಬೋಗುಣಿ, ಹಂಡೆ, ಕೊಡ, ತಾಟು, ಕೈಗೆ ಸಿಕ್ಕಿದ್ದನ್ನೆಲ್ಲ ತಂದು ದಂಡೆಯುದ್ದಕ್ಕೂ ಬಾರಿಸಿದರು. ಸದ್ದು ಹೋಗಿ ಆಣೆಕಟ್ಟೆಯ ಗೋಡೆಗೆ ಬಡಿದು, ಎರಡಾಗಿ ಮೂರಾಗಿ ತಿರುಗಿ ಬಂತು. ನಿಂತಲ್ಲೇ ನನಗೆ ದಿಕ್ಕು ತಪ್ಪಿತು, ಆಯಿಯ ಸೀರೆ ಹಿಡಿದುಕೊಂಡೆ. ಆಗ ಆ ಎಲ್ಲ ಗದ್ದಲದ ಆಚೆಯಿಂದ, ತೆಳ್ಳಗೆ, ನೀರಿನ ಮೇಲೆ ಜಾರಿಕೊಂಡು ಬಂದಂತೆ ಇನ್ನೊಂದು ದನಿ ಬಂತು. ಢಣ್. ಹಿಂದೆಯೇ ಝಿರ್ರ.

ಆಯಿ ನನ್ನ ಹೆಗಲು ಎಷ್ಟು ಜೋರಾಗಿ ಹಿಸುಕಿದಳೆಂದರೆ ಅವಳ ಬೆರಳುಗಳಲ್ಲಿ ಅಷ್ಟು ಶಕ್ತಿಯಿದೆಯೆಂದು ನನಗೆ ಗೊತ್ತಿರಲಿಲ್ಲ.

"ಅದು ನಮ್ಮ ಪರಾತ," ಎಂದಳು.

ಲಗ್ನದ ಮನೆಯ ಹೆಂಗಸರು ಅರಿಶಿಣ ಕಲಸುತ್ತಿದ್ದವರು ನಮ್ಮ ದಂಡೆಯ ಗದ್ದಲ ಕೇಳಿ, ಯಾರೋ ನೀರಿನಲ್ಲಿ ಸಿಕ್ಕಿದ್ದಾರೆಂದು ತಿಳಿದು, ತಾವೂ ಕೈಗೂಡಿಸಿದ್ದರು. ಕೈಗೆ ಸಿಕ್ಕ ಎಲ್ಲಕ್ಕಿಂತ ದೊಡ್ಡ ಪಾತ್ರೆ ನಮ್ಮದೇ. ನಮ್ಮ ಮನೆಯ ದನಿ ತಪ್ಪು ದಂಡೆಯಿಂದ ಅಪ್ಪನನ್ನು ಕರೆಯುತ್ತಿತ್ತು. ಮತ್ತು ಮಂಜಿನೊಳಗೆ, ನಾವು ಎಂದುಕೊಂಡಿದ್ದಕ್ಕಿಂತ ಬಹಳ ದೂರದಲ್ಲಿ, ಅಪ್ಪ ಓ ಕೊಡುವುದು ಕೇಳಿಸಿತು.

"ಬಂದೇ... ಬಂದೇ..."

ಆ ದನಿಯಲ್ಲಿ ಭಯವಿರಲಿಲ್ಲ. ಮನೆ ಸಿಕ್ಕಿತೆಂದು ನಿರಾಳವಾದವನ ದನಿ ಅದು. ಎರಡನೆಯ ಸಲ ಕೂಗಿದಾಗ ಇನ್ನಷ್ಟು ದೂರ ಹೋಗಿತ್ತು, ಗೋಡೆಯ ಕಡೆಗೆ. ಎರಡು ದಿನದಿಂದ ಗೇಟು ತೆರೆದಿತ್ತು. ನನಗೆ ಆಯಿ ಎಸೆದ ಬೇವಿನ ಕಡ್ಡಿ ಕಣ್ಣೆದುರು ಬಂತು, ಸುಮ್ಮನೆ ನಿಂತದ್ದು, ಆಮೇಲೆ ನೆಟ್ಟಗೆ ಹೋದದ್ದು.

ಅವ್ವ ಹಂಚು ಕೈಬಿಟ್ಟಳು. ಅದು ಕಲ್ಲಿಗೆ ಬಿದ್ದು ಎರಡು ಹೋಳಾಯಿತು.

"ಬಡೀಬ್ಯಾಡ್ರೀ! ಎಲ್ಲಾರೂ ನಿಂದ್ರಸ್ರೀ! ನಿಮ್ಮ ಕಾಲ ಬೀಳ್ತೀನಿ, ನಿಂದ್ರಸ್ರೀ!"

ನಮ್ಮ ದಂಡೆ ಗಪ್ಪಾಯಿತು. ಆಚೆ ದಂಡೆಗೆ ಅವಳ ಮಾತು ತಿಳಿಯುವ ಬಗೆಯಿರಲಿಲ್ಲ. ಈಗ ಆ ಪರಾತವೊಂದೇ ಉಳಿದು ಇನ್ನೂ ಸ್ಪಷ್ಟವಾಗಿ ಕೇಳತೊಡಗಿತು. ಢಣ್, ಝಿರ್ರ. ಅವ್ವ ಸೀರೆ ಎತ್ತಿ ಕಟ್ಟದೆ ಹಾಗೆಯೇ ನೀರಿಗಿಳಿದಳು, ಸೊಂಟದ ತನಕ ಹೋಗಿ ನಿಂತಳು. ಅವಳಿಗೆ ಈಜು ಬರುತ್ತಿರಲಿಲ್ಲ. ಅಷ್ಟು ದಿನ ಮಾತು ಬಿಟ್ಟಿದ್ದ ಆ ಬಾಯಿ ತೆರೆದದ್ದೇ ಬೈಗುಳಕ್ಕೆ. ಗಂಡನಿಗೆ 'ರಿ' ಹಚ್ಚದೆ ಅವಳು ಮಾತಾಡಿದ್ದನ್ನು ನಾನು ಕೇಳಿದ್ದು ಅದೇ ಮೊದಲು.

"ಏ ಮೂಳ! ಎಲ್ಲಿಗಿ ಹೊಂಟಿ? ಅದು ಲಗ್ನದ ಮನಿ! ನಿನಗೇನ್ ಅರಿಶಿಣ ಹಚ್ಚಾಕ ಕರದಾರೇನ? ಈ ಕಡಿ ಹೊಳ್ಳು! ನಿನ್ನ ಮನಿ ಇಲ್ಲೈತಿ, ನಾ ಇಲ್ಲಿ ಅದೀನಿ, ಹೊಳ್ಳೂ!"

ಉತ್ತರವಿಲ್ಲ. ಪರಾತ ಮಾತ್ರ. ಅವ್ವ ಇನ್ನಷ್ಟು ಗಟ್ಟಿಯಾಗಿ ಬೈದಳು. ವಾಚಮನ್ ಕೆಲಸ ಬೇಡವೆಂದ ಸೊಕ್ಕಿಗೆ ಬೈದಳು, ಗೊರಕೆಗೆ ಬೈದಳು, ಕಾಯಿಲ ತಂದ ದಿನಕ್ಕೆ ಬೈದಳು. ವಸ್ತಿಯ ಜನವೆಲ್ಲ ದಂಡೆಯ ಮೇಲೆ ಪಾತ್ರೆ ಹಿಡಿದು ನಿಂತು ನಮ್ಮ ಮನೆಯ ಒಳಗಿನದನ್ನೆಲ್ಲ ಕೇಳುತ್ತಿದ್ದರು. ಯಾರೊಬ್ಬರೂ ನಗಲಿಲ್ಲ. ಉಸಿರು ಹತ್ತಿ ಅವ್ವ ಒಂದು ಕ್ಷಣ ನಿಲ್ಲಿಸಿದಳು. ಆ ಕ್ಷಣದ ನಿಶ್ಶಬ್ದದಲ್ಲಿ ಪರಾತದ ದನಿ ಮತ್ತೆ ಹರಿದು ಬಂತು. ಆಯಿ ದಂಡೆಯಿಂದಲೇ ಕಿರುಚಿದಳು.

"ನಿಂದ್ರಬ್ಯಾಡ! ಬೈ! ಬೈಯವ್ವಾ ಅವಂಗ!"

"ಇನ್ನೇನ್ ಬೈಲಿ ಅತ್ತೀ? ಎಲ್ಲಾ ತೀರಿತು!" ಅವ್ವನ ದನಿ ಒಡೆದಿತ್ತು.

"ನಿಮ್ಮ ಲಗ್ನದಾಗ ಹಂದರದಾಗ ನಿದ್ದಿ ಹೊಡದಿದ್ದ, ಅದನ್ನ ಹೇಳು! ನಿಮ್ಮಪ್ಪನ ಹೊಸಾ ಚಪ್ಪಲ ಕಳದಿದ್ದ, ಅದನ್ನ ಹೇಳು!"

ಅವ್ವ ಅದನ್ನೂ ಹೇಳಿದಳು. ಚಪ್ಪಲಿಯ ಬಣ್ಣ ಹೇಳಿದಳು, ಕಳೆದ ಜಾಗ ಹೇಳಿದಳು, ಅಳುತ್ತ ಹೇಳಿದಳು. ಮಗನ ಪ್ರಾಣಕ್ಕಾಗಿ ಮಗನ ತಪ್ಪುಗಳನ್ನು ಒಂದೊಂದಾಗಿ ನೆನಪಿಸಿಕೊಡುತ್ತ ನಿಂತಿದ್ದಳು ಆ ಮುದುಕಿ. ಎಷ್ಟು ಹೊತ್ತು ಹಾಗೆ ನಡೆಯಿತೋ ನನಗೆ ತಿಳಿಯದು. ಆಮೇಲೆ ಹಲಗೆ ಕಬ್ಬಿಣಕ್ಕೆ ತಾಗುವ ಸಪ್ಪಳ ಕೇಳಿಸಿತು. ಮೊದಲು ಸಂಶಯ, ಮತ್ತೊಮ್ಮೆ ಕೇಳಿಸಿತು. ಅದರ ಹಿಂದೆ ಅಪ್ಪನ ದನಿ, ಏದುಸಿರಿನಲ್ಲಿ.

"ಚಂಪಿಗಿ ಹೇಳ್ರೀ... ಚಪ್ಪಲ ನಾ ಕಳದಿಲ್ಲ... ನಾಯಿ ಒಯ್ದಿತ್ತು ಅಂತ..."

ಮಂಜಿನೊಳಗಿಂದ ಕಾಯಿಲ ಹೊರಬಂತು. ಅದರಲ್ಲಿ ಅರ್ಧದಷ್ಟು ನೀರು, ಬಲೆ ಇರಲಿಲ್ಲ. ಸೆಳೆತಕ್ಕೆ ಸಿಕ್ಕಾಗ ಬಲೆ ಕೊಯ್ದು ಬಿಟ್ಟು ಬಂದಿದ್ದ. ಅಂಗೈಯ ಚರ್ಮ ಹಲಗೆಗೆ ಅಂಟಿಕೊಂಡಿತ್ತು. ಈರಣ್ಣ ಕಾಕಾ ಕಾಯಿಲದ ಅಂಚು ಹಿಡಿದು ಎಳೆದ. ಅವ್ವ ಮಾತ್ರ ಅಪ್ಪನನ್ನು ಮುಟ್ಟಲೂ ಇಲ್ಲ, ನೋಡಲೂ ಇಲ್ಲ. ನಿಂತಲ್ಲೇ ಕುಸಿದು ಕುತ್ತಿಗೆಯ ತನಕ ನೀರಿನಲ್ಲಿ ಕೂತುಬಿಟ್ಟಳು. ಹೆಂಗಸರು ಅವಳನ್ನು ಎತ್ತಿ ತಂದರು. ಆಚೆ ದಂಡೆಯಲ್ಲಿ ಪರಾತ ಇನ್ನೂ ಬಾರಿಸುತ್ತಲೇ ಇದ್ದರು.

ಮನೆಯಲ್ಲಿ ಅಂದು ಹಗಲೆಲ್ಲ ಮಾತು ಸಣ್ಣ ದನಿಯಲ್ಲೇ ನಡೆಯಿತು. ಆಯಿ ಅರಿಶಿಣ, ಕುಂಕುಮ, ಖಣ ತೆಗೆದುಕೊಂಡು ಹೋಗಿ ನೀರಿನ ತಾಯಿ ಗಂಗಿಗೆ ಉಡಿ ತುಂಬಿ ಬಂದಳು. ಅಪ್ಪ ಕೈಗೆ ಎಣ್ಣೆಬಟ್ಟೆ ಸುತ್ತಿಕೊಂಡು ಅಂಗಳದಲ್ಲಿ ಕೂತಿದ್ದ, ನೀರಿಗೆ ಬೆನ್ನು ಹಾಕಿ. ಸಂಜೆಗೆ ಗೌರಾ ಮಾವಶಿ ಪರಾತ ತಲೆಯ ಮೇಲೆ ಹೊತ್ತು, ಅದರ ತುಂಬ ಬುಂದಿ, ಹೋಳಿಗೆ ಹೇರಿಕೊಂಡು ಬಂದಳು. ಅವಳ ಮೈಕೈಯೆಲ್ಲ ಅರಿಶಿಣ, ಮುಖದ ತುಂಬ ಹಿಗ್ಗು.

"ನಿನ್ನ ಗಂಡ ಬಂದನಂತಲ್ಲವ್ವಾ, ದೇವರು ದೊಡ್ಡಾಂವ! ನಾವೂ ಸುಮ್ಮ ಕುಂತಿಲ್ಲ ನೋಡು. ಮದಮಗಳು ಸೈತ ಬಾರಿಸ್ಯಾಳ, ಅರಿಶಿಣ ಕೈಲೆ! ಇಲ್ಲಿಮಟ ಕೇಳ್ತೇನ?"

ನಾನು ಅವ್ವನ ಮುಖ ನೋಡಿದೆ. ಆಯಿಯೂ ನೋಡಿದಳು. ಅಪ್ಪ ತಲೆ ಎತ್ತಿದ. ಅವ್ವ ಪರಾತ ಕೈಗೆ ತೆಗೆದುಕೊಂಡು, ಅಂಚಿನ ಮೇಲೆ ಉಳಿದಿದ್ದ ಅರಿಶಿಣದ ಐದು ಬೆರಳಿನ ಗುರುತನ್ನು ನೋಡುತ್ತ ನಿಂತಳು.

"ಕೇಳ್ತವ್ವಾ," ಎಂದಳು. "ಛಂದ ಕೇಳ್ತು."

ಮಾವಶಿ ಹೋದ ಮೇಲೆ ಅಪ್ಪ ಎದ್ದು ಚಂಪಿಯ ಬಳಿ ಹೋಗಿ ಕೂತ. ಅದರ ಕಿವಿ ತಿಕ್ಕಿದ.

"ಚಂಪೀ, ಸೋಲಾಪುರದಾಗ ನಿನಗ ಮೇವು ಸಿಗತೈತೋ ಇಲ್ಲೋ, ಕೇಳಿ ಬಾ ಒಳಗ," ಎಂದ.

ಒಳಗಿನಿಂದ ಅವ್ವನ ಉತ್ತರ ಬಂತು.

"ಚಂಪೀ, ಅಲ್ಲಿ ನಮ್ಮಣ್ಣನ ಮನಿ ಹಿಂದ ಬೇಕಾದಷ್ಟು ಹುಲ್ಲ ಐತ್ರೀ ಅಂತ ಹೇಳು."

'ರಿ' ತಿರುಗಿ ಬಂದಿತ್ತು. ಆಯಿ ಈ ಸಲ ಸೆರಗು ಅಡ್ಡ ಹಿಡಿಯಲಿಲ್ಲ.

ಆ ಸಂಜೆ ಅವ್ವ ಪರಾತ ತೊಳೆದು ಹಿಟ್ಟು ನಾದಿದಳು. ಹಂಚು ಒಡೆದದ್ದರಿಂದ ಈರಣ್ಣ ಕಾಕಾನ ಮನೆಯ ಹಂಚು ತಂದೆವು. ಉಂಡದ್ದು ಜೋಳದ ರೊಟ್ಟಿ, ಶೇಂಗಾ ಹಿಂಡಿ, ಲಗ್ನದ ಮನೆಯ ಹೋಳಿಗೆ, ಬುಂದಿ. ಮೀನು ಇರಲಿಲ್ಲ. ಅಪ್ಪನ ಕೈ ಸುತ್ತಿದ್ದರಿಂದ ಆಯಿ ಅವನಿಗೆ ತುತ್ತು ಮಾಡಿ ಕೊಟ್ಟಳು, ಅವನು ಮಗುವಿನ ಹಾಗೆ ಬಾಯಿ ತೆರೆದ. ನಮ್ಮ ಮನೆಯಲ್ಲಿ ಎಲ್ಲರೂ ಮಲಗಿದ ಮೇಲೆ, ಎಲ್ಲರ ಉಸಿರು ಕೇಳಿ ನೋಡಿ, ಕಡೆಗೆ ಮಲಗುವವಳು ಅವ್ವ. ಅವತ್ತು ನಾವು ಇನ್ನೂ ಉಣ್ಣುತ್ತಿರುವಾಗಲೇ, ಗೋಡೆಗೆ ಒರಗಿ, ಕೈಯಲ್ಲಿ ಅರ್ಧ ರೊಟ್ಟಿ ಹಿಡಿದುಕೊಂಡೇ ಎಲ್ಲರಿಗಿಂತ ಮೊದಲು ನಿದ್ದೆಹೋದವಳು ಅವಳೇ. ಅಪ್ಪ ಸುತ್ತಿದ ಕೈಗಳಿಂದಲೇ ಅವಳ ಬೆರಳು ಬಿಡಿಸಿ ರೊಟ್ಟಿ ತೆಗೆದುಕೊಂಡು, ಅದನ್ನು ಅವಳ ತಾಟಿನೊಳಗಿಟ್ಟ. ಆಮೇಲೆ ಪರಾತವನ್ನು ಎರಡೂ ಮೊಣಕೈಗಳ ನಡುವೆ ಎತ್ತಿಕೊಂಡು ಹೋಗಿ, ಒಂದಿಷ್ಟೂ ಸಪ್ಪಳವಾಗದಂತೆ, ಗೋಡೆಗೆ ಆನಿಸಿದ.